ಮಗುವನ್ನು ಮಾರಿದವರ ಮೇಲೆ ನಗುತ್ತೇವೆ, ಕೊಂಡವರನ್ನು ಯಾಕೆ ಕೇಳುವುದಿಲ್ಲ? 1988ರ ಒಂದು ಫ್ರೆಂಚ್ ಚಿತ್ರದ ಬಗ್ಗೆ

ತುಂಗೆಯ ದಂಡೆ

ಎತಿಯೆನ್ ಶಾತಿಲಿಯೇ ನಿರ್ದೇಶಿಸಿದ 'ಲಾ ವೀ ಎತ್ ಅನ್ ಲಾಂಗ್ ಫ್ಲೂವ್ ತ್ರಾಂಕೀಲ್' ಚಿತ್ರವನ್ನು ಮೊನ್ನೆ ಭಾನುವಾರ ಮೂರನೆಯ ಬಾರಿ ನೋಡಿದೆ. ಹೆಸರಿನ ಅರ್ಥ 'ಬದುಕೆಂಬುದು ಪ್ರಶಾಂತವಾಗಿ ಹರಿಯುವ ಉದ್ದನೆಯ ನದಿ'. ಮೊದಲೆರಡು ಸಲ ಹೊಟ್ಟೆ ಹುಣ್ಣಾಗುವಷ್ಟು ನಕ್ಕಿದ್ದೆ. ಈ ಸಲ ನಡುವೆ ಒಂದು ಕಡೆ ನಗು ಗಂಟಲಲ್ಲೇ ನಿಂತಿತು. ಅದನ್ನು ಇಲ್ಲಿ ಹೇಳಿಕೊಳ್ಳಬೇಕು ಅನ್ನಿಸಿತು.

ನೋಡದವರಿಗಾಗಿ ಕಥೆ ಹೇಳಿಬಿಡುತ್ತೇನೆ. ಉತ್ತರ ಫ್ರಾನ್ಸ್‌ನ ಒಂದು ಊರು. ಹೆರಿಗೆ ಮಾಡಿಸುವ ಡಾಕ್ಟರ್ ಮಾವಿಯಾಲ್, ಅವನನ್ನು ವರ್ಷಗಳಿಂದ ಪ್ರೀತಿಸುತ್ತಿರುವ ನರ್ಸ್ ಜೋಜೆತ್. ಅವನಿಗೆ ಹೆಂಡತಿ ಇದ್ದಾಳೆ. ಕ್ರಿಸ್‌ಮಸ್ ಹಿಂದಿನ ರಾತ್ರಿ ಅವನು ತನ್ನನ್ನು ಬಿಟ್ಟು ಮನೆಗೆ ಹೊರಟನೆಂಬ ಸಿಟ್ಟಿಗೆ ಜೋಜೆತ್ ಆಗತಾನೇ ಹುಟ್ಟಿದ ಎರಡು ಶಿಶುಗಳನ್ನು ಅದಲುಬದಲು ಮಾಡುತ್ತಾಳೆ. ಒಂದು ಗಂಡು, ಒಂದು ಹೆಣ್ಣು. ಗಂಡು ಮಗು ಬಡ ಗ್ರೊಜೇಯ್ ಕುಟುಂಬಕ್ಕೆ ಹೋಗಿ ಮೋಮೊ ಆಗುತ್ತದೆ. ಹೆಣ್ಣು ಮಗು ಶ್ರೀಮಂತ, ದೈವಭಕ್ತ ಲ ಕೆನ್ವಾ ಕುಟುಂಬಕ್ಕೆ ಹೋಗಿ ಬರ್ನಾದೆತ್ ಆಗುತ್ತದೆ. ಹನ್ನೆರಡು ವರ್ಷದ ನಂತರ ಡಾಕ್ಟರ ಹೆಂಡತಿ ಸಾಯುತ್ತಾಳೆ. ಆಗಲೂ ಅವನು ಜೋಜೆತ್‌ಳನ್ನು ಮದುವೆಯಾಗುವ ಮಾತೆತ್ತುವುದಿಲ್ಲ. ಅವಳು ಪತ್ರ ಬರೆದು ಎಲ್ಲವನ್ನೂ ಬಯಲು ಮಾಡುತ್ತಾಳೆ.

ನನ್ನ ನಗು ನಿಂತದ್ದು ಪತ್ರ ತಲುಪಿದ ನಂತರ. ಲ ಕೆನ್ವಾ ದಂಪತಿ ಪೊಲೀಸರ ಬಳಿಗೆ ಹೋಗುವುದಿಲ್ಲ. ಗ್ರೊಜೇಯ್ ದಂಪತಿಗೆ ಹಣ ಕೊಟ್ಟು ಮೋಮೊನನ್ನು ಕರೆತರುತ್ತಾರೆ. ತಮ್ಮ ಮಕ್ಕಳಿಗೂ ಊರಿಗೂ 'ಬಡ ಹುಡುಗನನ್ನು ದತ್ತು ತೆಗೆದುಕೊಂಡಿದ್ದೇವೆ' ಅನ್ನುತ್ತಾರೆ. ಬರ್ನಾದೆತ್‌ಳನ್ನೂ ಬಿಟ್ಟುಕೊಡುವುದಿಲ್ಲ, ಅವಳಿಗೆ ನಿಜವನ್ನೂ ಹೇಳುವುದಿಲ್ಲ. ಒಟ್ಟಿನಲ್ಲಿ ಎರಡೂ ಮಕ್ಕಳು ಅವರ ಮನೆಯಲ್ಲೇ ಉಳಿಯುತ್ತವೆ, ಮೇಲೆ ಪುಣ್ಯದ ಹೆಸರೂ ಅವರಿಗೇ ಬರುತ್ತದೆ. ನೋಡುವವರೆಲ್ಲ 'ಥೂ, ದುಡ್ಡಿಗೆ ಮಗುವನ್ನು ಕೊಟ್ಟುಬಿಟ್ಟರು' ಎಂದು ಗ್ರೊಜೇಯ್‌ಗಳ ಮೇಲೆ ನಗುತ್ತಾರೆ. ನಾನೂ ಎರಡು ಸಲ ಹಾಗೆಯೇ ನಕ್ಕೆ. ಕೊಂಡವರು ಯಾರು ಎಂದು ಮೂರನೆಯ ಸಲ ಹೊಳೆಯಿತು. ಈ ಚಿತ್ರದ ನಿಜವಾದ ಏಟು ಅಲ್ಲಿದೆ ಎಂಬುದು ನನ್ನ ನಂಬಿಕೆ. ನಿಮಗೇನನ್ನಿಸುತ್ತದೆ?

ಹತ್ತಿಗಿರಣಿ

ನನಗೆ ಈ ಚಿತ್ರ ಮೊದಲ ನೋಟದಲ್ಲೇ ಸಿಟ್ಟು ತರಿಸಿತ್ತು. ನಿಮ್ಮ ಮಾತು ಓದಿದ ಮೇಲೂ ಆ ಸಿಟ್ಟು ಇಳಿದಿಲ್ಲ. ಬಡವರೆಂದರೆ ಕಳ್ಳರು, ಸೋಮಾರಿಗಳು, ಕುಡುಕರು, ಟಿವಿಯ ಮುಂದಿನಿಂದ ಏಳದವರು. ಸಿರಿವಂತರೆಂದರೆ ಶುಚಿ, ಶಿಸ್ತು, ಸ್ವಲ್ಪ ಪೆದ್ದುತನ. ಇದರಲ್ಲಿ ವಿಡಂಬನೆ ಎಲ್ಲಿದೆ? ಪೆದ್ದುತನಕ್ಕೆ ನಕ್ಕು ಕ್ಷಮಿಸುತ್ತೇವೆ. ಕಳ್ಳತನಕ್ಕೆ ಕ್ಷಮೆ ಇಲ್ಲ. ಇಬ್ಬರನ್ನೂ ಗೇಲಿ ಮಾಡಿದೆ ಎಂದರೆ ತೂಕ ಸಮವಾಯಿತು ಎಂದಾಗುವುದಿಲ್ಲ.

ನಮ್ಮ ತಂದೆ ದಾವಣಗೆರೆಯಲ್ಲಿ ಗಿರಣಿ ಕೆಲಸಗಾರರಾಗಿದ್ದರು. ಗಿರಣಿ ಮುಚ್ಚಿದ ಮೇಲೆ ಬೀದಿಯ ಮನೆಗಳು ಹೇಗಾದವು ಎಂಬುದನ್ನು ಕಣ್ಣಾರೆ ಕಂಡಿದ್ದೇನೆ. ಕೆಲಸ ಹೋದ ಗಂಡಸು ಹಗಲಿಡೀ ಮನೆಯಲ್ಲಿ ಕೂತರೆ ಹೊರಗಿನವರಿಗೆ ಸೋಮಾರಿಯಾಗಿ ಕಾಣುತ್ತಾನೆ. ಅವನು ಯಾಕೆ ಕೂತ ಎಂದು ಚಿತ್ರ ಒಂದು ಮಾತಾದರೂ ಹೇಳಬೇಕಿತ್ತು.

ಲಿಲ್‌ನಲ್ಲಿರುವ ಕನ್ನಡಿಗ

ಹತ್ತಿಗಿರಣಿ ಅವರೇ, ನಿಮ್ಮ ಹೆಸರು ನೋಡಿ ಒಂದು ಕ್ಷಣ ಬೆರಗಾದೆ. ಈ ಚಿತ್ರದ ಊರೂ ಗಿರಣಿಯ ಊರೇ. ಶಾತಿಲಿಯೇ ಹುಟ್ಟಿದ್ದು ಲಿಲ್ ಪಕ್ಕದ ರೂಬೆಯಲ್ಲಿ, 1952ರಲ್ಲಿ. ಚಿತ್ರೀಕರಣ ನಡೆದದ್ದೂ ಇದೇ ಸೀಮೆಯಲ್ಲಿ. ರೂಬೆಗೆ 'ಸಾವಿರ ಚಿಮಣಿಗಳ ಊರು' ಎಂಬ ಹೆಸರಿತ್ತು. ಉಣ್ಣೆಯ ನೂಲು, ನೇಯ್ಗೆ ಅಲ್ಲಿನ ಉಸಿರು. 1970ರ ದಶಕದಿಂದ ಗಿರಣಿಗಳು ಒಂದೊಂದಾಗಿ ಮುಚ್ಚುತ್ತ ಬಂದವು. ಚಿತ್ರ ಬಿಡುಗಡೆಯಾದ 1988ರ ಫೆಬ್ರವರಿಯ ಹೊತ್ತಿಗೆ ಇಲ್ಲಿ ನಿರುದ್ಯೋಗ ಪ್ರತಿ ಬೀದಿಯ ಮಾತಾಗಿತ್ತು.

ಅದನ್ನು ಚಿತ್ರ ಬಾಯಿಬಿಟ್ಟು ಹೇಳುವುದಿಲ್ಲ, ನಿಜ. ಆದರೆ ಇಲ್ಲಿಯವರು ನೋಡಿದಾಗ ಹೇಳಬೇಕಾದ ಅಗತ್ಯವೂ ಇರಲಿಲ್ಲ ಅನ್ನಿಸುತ್ತದೆ. ಗ್ರೊಜೇಯ್‌ಗಳು ಇರುವಂಥ ಸರ್ಕಾರಿ ಬಾಡಿಗೆಯ ವಠಾರಗಳನ್ನು ಕಿಟಕಿಯಿಂದ ಕಂಡವರೇ ಚಿತ್ರಮಂದಿರದಲ್ಲಿ ಕೂತಿದ್ದರು. ಫ್ರಾನ್ಸ್‌ನಲ್ಲಿ ಒಟ್ಟು 40 ಲಕ್ಷಕ್ಕೂ ಹೆಚ್ಚು ಟಿಕೆಟ್ ಮಾರಾಟವಾದ ಚಿತ್ರ ಇದು. ದೊಡ್ಡ ತಾರೆಯರಿಲ್ಲದ, ನಿರ್ದೇಶಕನ ಮೊದಲ ಕಥಾಚಿತ್ರಕ್ಕೆ ಅದು ಸಣ್ಣ ಮಾತಲ್ಲ.

ಹತ್ತಿಗಿರಣಿ

ನಿರುದ್ಯೋಗದ ಊರೆಂದು ತಿಳಿದಿರಲಿಲ್ಲ, ತಿಳಿಸಿದ್ದಕ್ಕೆ ವಂದನೆ. ಆದರೂ ಊರು ಬಲ್ಲವನಿಗೆ ಮಾತ್ರ ನ್ಯಾಯವಾಗಿ ಕಾಣುವ ಚಿತ್ರ ಉಳಿದವರ ಮುಂದೆ ಅನ್ಯಾಯ ಮಾಡಿದಂತೆಯೇ ಅಲ್ಲವೇ?

ವಿಭಕ್ತಿ

ಬೆಂಗಳೂರಿನಲ್ಲಿ ಫ್ರೆಂಚ್ ಕಲಿಸುತ್ತೇನೆ. ಈ ಚಿತ್ರದ ಭಾಷೆಯ ಬಗ್ಗೆ ಹೇಳದೆ ಇರಲಾರೆ. ಉಪಶೀರ್ಷಿಕೆಯಲ್ಲಿ ಅರ್ಧದಷ್ಟು ಸ್ವಾರಸ್ಯ ಸೋರಿಹೋಗುತ್ತದೆ.

ಮೊದಲು ಹೆಸರುಗಳನ್ನೇ ನೋಡಿ. 'ಲ ಕೆನ್ವಾ' ಎಂಬುದು ಆ ಪ್ರಾಂತ್ಯದ ಒಂದು ಹಳೆಯ ಪಟ್ಟಣದ ಹೆಸರು. ಅಲ್ಲಿನ ಪಿಕಾರ್ ನುಡಿಯಲ್ಲಿ ಅದರ ಬೇರು ಓಕ್ ಮರ. 'ಗ್ರೊಜೇಯ್' ಎಂದರೆ ಪೊದೆಯಲ್ಲಿ ಗೊಂಚಲಾಗಿ ಬಿಡುವ ಪುಟ್ಟ ಕೆಂಪು ಹುಳಿಹಣ್ಣು. ಒಂದು ಮನೆಗೆ ನೆಲದಾಳಕ್ಕೆ ಬೇರುಬಿಟ್ಟ ಹೆಮ್ಮರ, ಇನ್ನೊಂದಕ್ಕೆ ಯಾರು ಬೇಕಾದರೂ ಕಿತ್ತು ಬಾಯಿಗೆ ಹಾಕಿಕೊಳ್ಳುವ ಹಣ್ಣು. ಮಕ್ಕಳ ಹೆಸರಿನಲ್ಲೂ ಹೀಗೆಯೇ. ಇತ್ತ ಪೀಯೆರ್, ಪೋಲ್, ಮಾತ್ಯೂ, ಬರ್ನಾದೆತ್ ಎಂದು ಸಂತರ ಹೆಸರುಗಳ ಸಾಲು. ಅತ್ತ ಒಬ್ಬ ಮಗನ ಹೆಸರೇ 'ಮಿಲಿಯನ್'. ಕೈಯಲ್ಲಿ ಕಾಸಿಲ್ಲದ ಮನೆಯವರು ಮಗನನ್ನು ದಿನವೂ ಹತ್ತು ಲಕ್ಷವೇ ಎಂದು ಕೂಗುತ್ತಾರೆ.

ಇನ್ನು ಸಂಬೋಧನೆ. ಫ್ರೆಂಚ್‌ನಲ್ಲಿ 'ತು' ಮತ್ತು 'ವೂ' ಇರುವುದು ನಮ್ಮ 'ನೀನು' ಮತ್ತು 'ನೀವು' ಇದ್ದಂತೆಯೇ. ಇಂಗ್ಲಿಷ್ ಮೂಲಕ ನೋಡುವವರಿಗೆ ದಕ್ಕದ ಈ ಸೂಕ್ಷ್ಮ ಕನ್ನಡಿಗರಿಗೆ ತಟ್ಟನೆ ಹಿಡಿಯುತ್ತದೆ. ಫ್ರಾನ್ಸ್‌ನ ಕೆಲವು ಹಳೆಯ ಸಿರಿವಂತ ಕುಟುಂಬಗಳಲ್ಲಿ ಮಕ್ಕಳು ತಂದೆಯನ್ನಷ್ಟೇ ಅಲ್ಲ, ತಾಯಿಯನ್ನೂ 'ವೂ' ಎನ್ನುತ್ತಾರೆ. ನಮ್ಮಲ್ಲಿ ಅಪ್ಪನಿಗೆ 'ನೀವು' ಅನ್ನುವ ಎಷ್ಟೋ ಮನೆಗಳಲ್ಲಿ ಅಮ್ಮನಿಗೆ 'ನೀನು' ಎಂದೇ ಅನ್ನುತ್ತೇವೆ. ಅಮ್ಮನಿಗೂ ಬಹುವಚನ ಹಾಕುವ ಮನೆಯ ಗಾಳಿ ಹೇಗಿರಬಹುದೆಂದು ಊಹಿಸಿಕೊಳ್ಳಿ. ಹನ್ನೆರಡು ವರ್ಷ ಏಕವಚನದಲ್ಲಿ ಬೆಳೆದ ಮೋಮೊ ಅಂಥ ಮನೆಯ ಹೊಸ್ತಿಲು ದಾಟುತ್ತಾನೆ.

ಮಂಗಳವಾರದ ಓದುಗ

ರವಿಯೋಲಿಯ ಮಾತು ಇನ್ನೂ ಯಾರೂ ಎತ್ತಿಲ್ಲ!

ವಿಭಕ್ತಿ

ಅಲ್ಲಿಗೇ ಬರುತ್ತಿದ್ದೆ. 'ಸೋಮವಾರ ಅಂದರೆ ರವಿಯೋಲಿ' ಎಂಬ ಮಾತು ಇಂದಿಗೂ ಫ್ರಾನ್ಸ್‌ನಲ್ಲಿ ಜನರ ನಾಲಗೆಯ ಮೇಲಿದೆ. ಲ ಕೆನ್ವಾ ಮನೆಯಲ್ಲಿ ವಾರದ ದಿನಕ್ಕೆ ತಕ್ಕಂತೆ ಅಡುಗೆ ನಿಗದಿ. ಸೋಮವಾರ ಬಂದರೆ ರವಿಯೋಲಿ, ಅದು ಬದಲಾಗುವಂತಿಲ್ಲ. ಹಣವಿದ್ದೂ ಬಾಯಿಗೆ ರುಚಿಯನ್ನು ಕೊಟ್ಟುಕೊಳ್ಳದ ಮನೆ ಅದು. ಆ ಬಿಗಿತವನ್ನು ತೋರಿಸಲು ಶಾತಿಲಿಯೇ ಒಂದು ತಟ್ಟೆ ಹಿಟ್ಟಿನ ತಿನಿಸನ್ನು ಬಳಸಿದರು, ಉಪದೇಶದ ಒಂದು ಸಾಲೂ ಬೇಕಾಗಲಿಲ್ಲ. ಚಿತ್ರರಂಗಕ್ಕೆ ಬರುವ ಮುನ್ನ ಅವರು ಜಾಹೀರಾತು ತೆಗೆಯುತ್ತಿದ್ದರು. ಏರಾಮ್ ಎಂಬ ಪಾದರಕ್ಷೆ ಕಂಪನಿಗೆ ಅವರು ಮಾಡಿದ ಜಾಹೀರಾತುಗಳು ಬಹಳ ಹೆಸರು ಮಾಡಿದ್ದವು. ಮೂವತ್ತು ಸೆಕೆಂಡಿನಲ್ಲಿ ಒಂದು ಮನೆಯ ಸ್ವಭಾವವನ್ನೆಲ್ಲ ಹೇಳುವ ಕೈಚಳಕ ಅಲ್ಲಿಂದ ಬಂದದ್ದು.

ಚಿತ್ರದ ಹೆಸರೇ ಈಗ ಗಾದೆಯಾಗಿದೆ. ಆದರೆ ಜನ ಅದನ್ನು ಬಳಸುವುದು ಹೆಚ್ಚಾಗಿ ನಿಷೇಧದಲ್ಲಿ: 'ಬದುಕೇನೂ ಪ್ರಶಾಂತವಾದ ಉದ್ದನೆಯ ನದಿಯಲ್ಲ' ಎಂದು. ಶಾತಿಲಿಯೇ 2001ರಲ್ಲಿ ಮಾಡಿದ 'ತಾಂಗಿ' ಚಿತ್ರದ ಹೆಸರಿಗೂ ಹೀಗೆಯೇ ಆಯಿತು. ದೊಡ್ಡವರಾದರೂ ಹೆತ್ತವರ ಮನೆ ಬಿಡದ ಮಕ್ಕಳನ್ನು ಅಲ್ಲಿ ಈಗ 'ತಾಂಗಿ' ಎಂದೇ ಕರೆಯುತ್ತಾರೆ.

ತುಂಗೆಯ ದಂಡೆ

ವಿಭಕ್ತಿ ಅವರ ಓಕ್ ಮರ ಮತ್ತು ಹುಳಿಹಣ್ಣಿನ ವಿಚಾರ ಓದಿ ಪುಳಕವಾಯಿತು. ಹತ್ತಿಗಿರಣಿ ಅವರ ಸಿಟ್ಟಿಗೆ ಉತ್ತರ ಕೊಡಲು ಪ್ರಯತ್ನಿಸುತ್ತೇನೆ.

ಶಿಶು ಬದಲಾದ ಕಥೆ ನಮಗೆ ಹೊಸದಲ್ಲ. ವಸುದೇವ ಯಮುನೆ ದಾಟಿ ಗಂಡುಮಗುವನ್ನು ಗೋಕುಲದಲ್ಲಿಟ್ಟು ಯಶೋದೆಯ ಹೆಣ್ಣುಮಗುವನ್ನು ಎತ್ತಿಕೊಂಡು ಬಂದ. ಅಲ್ಲಿಯೂ ಒಂದು ಗಂಡು, ಒಂದು ಹೆಣ್ಣು. ಕರ್ಣನೂ ಹಾಗೆಯೇ, ಬೆಸ್ತರ ಬಿದಿರಬುಟ್ಟಿಯಂತೆ ನದಿಯಲ್ಲಿ ತೇಲಿ ಸೂತನ ಮನೆ ಸೇರಿದವನು. ಆದರೆ ಆ ಕಥೆಗಳಲ್ಲಿ ರಕ್ತ ಎಲ್ಲೋ ಒಂದು ಕಡೆ ತನ್ನ ಗುರುತು ಹೇಳಿಯೇ ತೀರುತ್ತದೆ. ರಾಜನ ಮಗ ಗುಡಿಸಲಿನಲ್ಲಿ ಬೆಳೆದರೂ ಬಿಲ್ಲು ಹಿಡಿದಾಗ ರಾಜನ ಮಗನೇ. ನಮ್ಮ ಎಷ್ಟೋ ಸಿನಿಮಾಗಳು ಬದುಕಿರುವುದೂ ಇದೇ ನಂಬಿಕೆಯ ಮೇಲೆ.

ಶಾತಿಲಿಯೇ ಮತ್ತು ಜೊತೆಯಲ್ಲಿ ಚಿತ್ರಕಥೆ ಬರೆದ ಫ್ಲೋರಾನ್ಸ್ ಕಾಂತಾಂ ಈ ನಂಬಿಕೆಯನ್ನು ಬುಡಸಮೇತ ಕಿತ್ತುಹಾಕುತ್ತಾರೆ. ಮೋಮೊನ ಮೈಯಲ್ಲಿ ಹರಿಯುವುದು ಲ ಕೆನ್ವಾ ರಕ್ತ. ಹಾಗೆಂದು ಅವನು ಆ ಮನೆಗೆ ಬಂದ ಮರುದಿನ ಸಂಭಾವಿತನಾಗುವುದಿಲ್ಲ. ನಾಜೂಕಿನ ಮಾತು ಬೇಗ ಕಲಿಯುತ್ತಾನೆ, ಜೊತೆಗೆ ಮನೆಯ ಬೆಳ್ಳಿಯ ಸಾಮಾನನ್ನು ಒಂದೊಂದಾಗಿ ಗ್ರೊಜೇಯ್‌ಗಳಿಗೆ ಸಾಗಿಸುತ್ತಾನೆ. ಇದನ್ನು ಕಳ್ಳತನ ಎಂದು ಬರೆದುಬಿಡುವುದು ಸುಲಭ. ನನಗೆ ಕಂಡದ್ದು ಬೇರೆ. ತನ್ನನ್ನು ಹಣಕ್ಕೆ ಬಿಟ್ಟುಕೊಟ್ಟ ಮನೆಯನ್ನು ಆ ಹುಡುಗ ಬಿಟ್ಟುಕೊಡಲಿಲ್ಲ. ಸಿಕ್ಕಿದ್ದನ್ನು ಹೊತ್ತು ಅಲ್ಲಿಗೇ ಹೋದ. ಇಡೀ ಚಿತ್ರದಲ್ಲಿ ಎರಡೂ ಮನೆಯನ್ನು ಮನೆ ಅಂದುಕೊಂಡವನು ಅವನೊಬ್ಬನೇ.

ಬರ್ನಾದೆತ್‌ಳ ಗತಿ ನೋಡಿ. ಅವಳಿಗೆ ನಿಜ ತಿಳಿಯುವುದು ಮೋಮೊನಿಂದ. ಗ್ರೊಜೇಯ್‌ಗಳನ್ನು ನೋಡಲು ಹೋಗುತ್ತಾಳೆ, ಹೇಸಿ ಹಿಂದಿರುಗುತ್ತಾಳೆ, ಕೋಣೆಯಲ್ಲಿ ಅಡಗುತ್ತಾಳೆ. ಮೇಲೆ ಹತ್ತಿದವನು ನಗುನಗುತ್ತ ಕಲಿತ. ಕೆಳಗೆ ಬಿದ್ದೆನೆಂದು ತಿಳಿದವಳು ಮುರಿದುಹೋದಳು. ಅವಳು ಒಂದು ಹೆಜ್ಜೆಯೂ ಕೆಳಗಿಳಿದಿರಲಿಲ್ಲ. ಅದೇ ಮನೆ, ಅದೇ ಹಾಸಿಗೆ. ಬರೀ ಸುದ್ದಿಯೊಂದೇ ಸಾಕಾಯಿತು. ಬಡವರನ್ನು ಹಾಗೆ ಕಾಣುವುದನ್ನು ಅವಳಿಗೆ ಕಲಿಸಿದ್ದು ಪ್ರಾರ್ಥನೆ ಹೇಳಿಕೊಟ್ಟ ಅದೇ ಮನೆ. ಹತ್ತಿಗಿರಣಿ ಅವರೇ, ತಕ್ಕಡಿ ಅಲ್ಲಿ ವಾಲುತ್ತದೆ. ಕಳ್ಳತನವನ್ನು ಹೊರಿಸಿದ್ದು ಗ್ರೊಜೇಯ್‌ಗಳ ಮೇಲೆ, ನಿಜ. ಆದರೆ ಮಗುವನ್ನು ಮುರಿದದ್ದು ಯಾವ ಮನೆ?

ಮಲೆನಾಡ ಮಳೆ

'ಕುಲಂ ಕುಲಮಲ್ತು, ಚಲಂ ಕುಲಂ, ಗುಣಂ ಕುಲಂ' ಎಂದು ಪಂಪ ಹತ್ತನೆಯ ಶತಮಾನದಲ್ಲೇ ಕರ್ಣನ ಬಾಯಲ್ಲಿ ಹೇಳಿಸಿಬಿಟ್ಟ. ರಕ್ತ ಗುರುತು ಹೇಳಿಯೇ ತೀರುತ್ತದೆ ಎಂದು ನಮ್ಮ ಎಲ್ಲ ಕಥೆಗಳ ಮೇಲೂ ಹೊರಿಸಬೇಡಿ. ಇನ್ನೊಂದು ಮಾತು, ಕರ್ಣ ತೇಲಿಬಂದದ್ದು ಪೆಟ್ಟಿಗೆಯಲ್ಲಿ, ಬುಟ್ಟಿಯಲ್ಲಲ್ಲ.

ತುಂಗೆಯ ದಂಡೆ

ಎರಡೂ ಒಪ್ಪಿದೆ. ಪೆಟ್ಟಿಗೆಯೇ ಸರಿ. ಪಂಪನನ್ನು ಮರೆತದ್ದು ನನ್ನ ತಪ್ಪು. ಮೋಮೊನನ್ನು ನೋಡುವಾಗ ಇನ್ನು ಮೇಲೆ ಆ ಸಾಲು ನೆನಪಾಗುತ್ತದೆ.

ಹತ್ತಿಗಿರಣಿ

ಬರ್ನಾದೆತ್‌ಳ ಬಗ್ಗೆ ನೀವು ಬರೆದದ್ದನ್ನು ಎರಡು ಸಲ ಓದಿದೆ. ಆ ದಿಕ್ಕಿನಿಂದ ನಾನು ನೋಡಿರಲಿಲ್ಲ. ನನ್ನ ದೂರಿನಲ್ಲಿ ಒಂದು ಭಾಗವನ್ನು ಹಿಂದಕ್ಕೆ ತೆಗೆದುಕೊಳ್ಳುತ್ತೇನೆ.

ಒಂದು ಭಾಗ ಉಳಿಯುತ್ತದೆ, ಅದನ್ನು ಬಿಡಲಾರೆ. ಲ ಕೆನ್ವಾ ತಾಯಿ ಮಾರಿಯೆಲ್ ಕುಸಿಯುವುದನ್ನು ಚಿತ್ರ ಹಂತ ಹಂತವಾಗಿ ತೋರಿಸುತ್ತದೆ. ಮೊದಲು ನಗು ಗಟ್ಟಿಯಾಗುತ್ತದೆ, ಆಮೇಲೆ ಕೈ ಲೋಟಕ್ಕೆ ಹೋಗುತ್ತದೆ, ಕೊನೆಗೆ ಮನೆ ಕೈತಪ್ಪುತ್ತದೆ. ಎಲೆನ್ ವೆನ್ಸಾಂ ಆ ಪಾತ್ರವನ್ನು ಅದ್ಭುತವಾಗಿ ಮಾಡಿದ್ದಾರೆ, ಎರಡು ಮಾತಿಲ್ಲ. ಗ್ರೊಜೇಯ್ ತಾಯಿಗೆ ಚಿತ್ರ ಅಷ್ಟು ಹೊತ್ತು ಕೊಡುವುದಿಲ್ಲ. ಹನ್ನೆರಡು ವರ್ಷ ಸಾಕಿದ ಮಗನನ್ನು ಕಳಿಸಿದ ರಾತ್ರಿ ಆ ಹೆಂಗಸು ಏನು ಮಾಡಿದಳು? ಹಸಿದವರಿಗೂ ಕರುಳಿರುತ್ತದೆ. ನನ್ನ ಅಜ್ಜಿ ತನ್ನ ಎರಡನೆಯ ಮಗನನ್ನು ಮಕ್ಕಳಿಲ್ಲದ ಅಕ್ಕನಿಗೆ ಕೊಟ್ಟರು. ಆ ಬಗ್ಗೆ ಒಂದು ದಿನವೂ ಮಾತಾಡಲಿಲ್ಲ. ಆದರೆ ಎಂಟು ಮಕ್ಕಳ ತಟ್ಟೆ ಇಡುವಾಗ ಕೈ ಒಂಬತ್ತನೆಯದಕ್ಕೆ ಹೋಗುತ್ತಿತ್ತು ಎಂದು ನಮ್ಮ ತಂದೆ ಹೇಳುತ್ತಿದ್ದರು. ಅಂಥ ಒಂದು ತಟ್ಟೆ ಈ ಚಿತ್ರದಲ್ಲಿ ಎಲ್ಲೂ ಇಲ್ಲ.

ತುಂಗೆಯ ದಂಡೆ

ಇದಕ್ಕೆ ನನ್ನಲ್ಲಿ ಉತ್ತರವಿಲ್ಲ. ನೀವು ಹೇಳಿದ್ದು ಸರಿ.

ಮಂಗಳವಾರದ ಓದುಗ

ನಟರ ಬಗ್ಗೆಯೂ ಎರಡು ಮಾತಿರಲಿ. ಫ್ರಾನ್ಸ್‌ನ ಪ್ರಮುಖ ಚಲನಚಿತ್ರ ಪ್ರಶಸ್ತಿಯಾದ ಸೆಜಾರ್‌ನ 1989ರ ಸಮಾರಂಭದಲ್ಲಿ ಈ ಚಿತ್ರಕ್ಕೆ ನಾಲ್ಕು ಪ್ರಶಸ್ತಿ ಬಂದವು: ಮೊದಲ ಚಿತ್ರ, ಚಿತ್ರಕಥೆ, ಪೋಷಕ ನಟಿಯಾಗಿ ಎಲೆನ್ ವೆನ್ಸಾಂ, ಭರವಸೆಯ ನಟಿಯಾಗಿ ಕಾತ್ರಿನ್ ಜಾಕೋಬ್. ಕಾತ್ರಿನ್ ಮಾಡಿದ್ದು ಲ ಕೆನ್ವಾ ಮನೆಗೆಲಸದ ಮಾರಿ-ತೆರೇಜ್‌ಳ ಪಾತ್ರ. ಬಸುರಾಗಿದ್ದಾಳೆ, ಆದರೆ ಯಾವ ಗಂಡಸಿನ ಸಂಗವನ್ನೂ ಮಾಡಿಲ್ಲ ಎಂದು ಆಣೆ ಇಡುತ್ತಾಳೆ. ಕನ್ಯೆ ಮೇರಿಯ ಪವಾಡವನ್ನು ದಿನವೂ ಭಜಿಸುವ ಮನೆಯಲ್ಲಿ ಕೆಲಸದವಳ ಆ ಮಾತನ್ನು ಒಬ್ಬರೂ ನಂಬುವುದಿಲ್ಲ.

ಮೋಮೊ ಆಗಿದ್ದ ಹುಡುಗ ಬೆನ್ವಾ ಮಾಜಿಮೆಲ್. ಆತನಿಗೆ ಅದು ಮೊದಲ ಚಿತ್ರ. 2001ರಲ್ಲಿ ಕಾನ್ ಉತ್ಸವದಲ್ಲಿ ಉತ್ತಮ ನಟ, 2022 ಮತ್ತು 2023ರಲ್ಲಿ ಸತತವಾಗಿ ಎರಡು ಸೆಜಾರ್. ಆ ತುಂಟ ಕಣ್ಣುಗಳನ್ನು ಮೊದಲು ಗುರುತಿಸಿದ್ದು ಶಾತಿಲಿಯೇ. ಪಾದ್ರಿಯಾಗಿ ಪಾತ್ರಿಕ್ ಬುಶಿತೆ ಗಿಟಾರ್ ಹಿಡಿದು 'ಯೇಸುವೇ ಮರಳಿ ಬಾ' ಎಂದು ಹಾಡುವ ದೃಶ್ಯವನ್ನು ಮಾತ್ರ ನಾನು ವಿವರಿಸುವುದಿಲ್ಲ. ನೋಡಿಯೇ ಅನುಭವಿಸಬೇಕು.

ಮಲೆನಾಡ ಮಳೆ

ಎರಡೂ ಮನೆಯ ಮಕ್ಕಳು ಒಟ್ಟಿಗೆ ನೀರಿಗಿಳಿಯುವ ದೃಶ್ಯ ನನಗೆ ಬಹಳ ಪ್ರಿಯ. ಮೋಮೊ ಅವರನ್ನು ಬೆರೆಸುತ್ತಾನೆ. ಚಿತ್ರದ ಹೆಸರಿನ ನದಿಗೆ ಮಕ್ಕಳಾದರೂ ಇಳಿದರಲ್ಲ ಎಂದು ಸಮಾಧಾನವಾಯಿತು.

ಲಿಲ್‌ನಲ್ಲಿರುವ ಕನ್ನಡಿಗ

ಚಿತ್ರ ನೋಡಿದ ವಾರವೇ ಲಿಲ್‌ನಿಂದ ರೂಬೆಗೆ ಹೋಗುವ ಟ್ರಾಮ್ ಹತ್ತಿದ್ದೆ. ಇಲ್ಲಿಯವರು ಅದನ್ನು ಕಟ್ಟಿಸಿದ ಎಂಜಿನಿಯರನ ಹೆಸರಿನಿಂದ 'ಮೊಂಜಿ' ಎನ್ನುತ್ತಾರೆ, 1909ರಿಂದ ಓಡುತ್ತಿದೆ. ಮಧ್ಯದಲ್ಲಿ ಕ್ರ್ವಾ ಎಂಬ ಊರು ಬರುತ್ತದೆ. ಮರಗಳ ಸಾಲು, ಕಲ್ಲಿನ ಕಾಂಪೌಂಡು, ಒಳಗೆ ದೊಡ್ಡ ಮನೆಗಳು. ಗಿರಣಿ ಮಾಲೀಕ ಪೋಲ್ ಕಾವ್ರ್ವಾ 1932ರಲ್ಲಿ ಕಟ್ಟಿಸಿದ ಹಳದಿ ಇಟ್ಟಿಗೆಯ ಭವ್ಯ ಬಂಗಲೆ ಅಲ್ಲೇ ಇದೆ, ಈಗ ಟಿಕೆಟ್ ಕೊಂಡು ನೋಡಬಹುದು. ಬಾರ್ಬಿಯೂ ಉದ್ಯಾನ ದಾಟಿದರೆ ರೂಬೆ. ಕ್ರ್ವಾ ಫ್ರಾನ್ಸ್‌ನ ಸಿರಿವಂತ ಊರುಗಳಲ್ಲಿ ಒಂದು, ರೂಬೆ ತೀರ ಬಡ ಊರುಗಳಲ್ಲಿ ಒಂದು. ಎರಡರ ಗಡಿ ಅಂಟಿಕೊಂಡಿದೆ.

ಟ್ರಾಮ್‌ನಲ್ಲಿ ನನ್ನ ಎದುರು ಕಡುನೀಲಿ ಕೋಟು ತೊಟ್ಟ ಇಬ್ಬರು ಮಕ್ಕಳು ಕೂತಿದ್ದರು. ಅಂಚಿನವರೆಗೆ ಗುಂಡಿ ಹಾಕಿದ ಕೋಟು. ಬದಿಯಲ್ಲಿ ಅದೇ ವಯಸ್ಸಿನ ಇನ್ನೊಬ್ಬ ಹುಡುಗ, ತೋಳು ಸವೆದ ಜಾಕೆಟ್ಟು. ಆ ಇಬ್ಬರು ಕ್ರ್ವಾದಲ್ಲಿ ಇಳಿದರು. ಇವನು ಕೊನೆಯ ನಿಲ್ದಾಣದವರೆಗೂ ಬಂದ. ಒಂದೇ ಗಾಡಿ, ಒಂದೇ ಟಿಕೆಟ್ ದರ, ಅಷ್ಟು ಹೊತ್ತೂ ಮೂವರೂ ಪರಸ್ಪರ ಮುಖ ನೋಡಲಿಲ್ಲ.

ಹತ್ತಿಗಿರಣಿ

ಇದನ್ನು ಓದಿ ಚಿತ್ರವನ್ನು ಮತ್ತೊಮ್ಮೆ ನೋಡಬೇಕು ಅನ್ನಿಸಿದೆ.

ಮಂಗಳವಾರದ ಓದುಗ

ನನ್ನದೊಂದು ಕೊನೆಯ ಮಾತು. ಈ ಚಿತ್ರವನ್ನು ನಾನು ಅಮ್ಮನ ಜೊತೆ ನೋಡಿದೆ. ಅಮ್ಮನಿಗೆ ಫ್ರೆಂಚ್ ಬರುವುದಿಲ್ಲ, ಉಪಶೀರ್ಷಿಕೆಯೂ ಓದಲಾಗುವುದಿಲ್ಲ. ನಾನು ಪಕ್ಕದಲ್ಲಿ ಕೂತು ಕನ್ನಡದಲ್ಲಿ ಹೇಳುತ್ತ ಹೋದೆ. ಅಮ್ಮ ಬಹಳ ಕಡೆ ನಕ್ಕರು. ಬರ್ನಾದೆತ್ ಗ್ರೊಜೇಯ್‌ಗಳನ್ನು ನೋಡಲು ಹೋಗುವ ಭಾಗ ಬಂದಾಗ ನಗು ನಿಲ್ಲಿಸಿ, ಬಾಳೆಕಾಯಿ ಹೆಚ್ಚುತ್ತಿದ್ದ ಈಳಿಗೆಮಣೆಯನ್ನು ಬದಿಗೆ ಸರಿಸಿ ಕೇಳಿದರು: 'ಹೆತ್ತವಳ ಮನೆಗೆ ಮೊದಲ ಸಲ ಬಂದಿದ್ದಾಳಲ್ಲ, ಆ ಮಗುವಿಗೆ ಯಾರಾದರೂ ಊಟ ಆಯಿತೇ ಎಂದು ಕೇಳಿದರೇ?'

ತುಂಗೆಯ ದಂಡೆ

ಇವತ್ತು ರಾತ್ರಿ ಆ ದೃಶ್ಯವನ್ನೊಂದೇ ಮತ್ತೆ ಹಾಕಿ ನೋಡುತ್ತೇನೆ.